ಗೊರೂರಿನ ಸೆರೆಯೂ ‘ರಾಜೇಂದ್ರನಾಮೆ’ಯೂ

ಮಾರನಹಳ್ಳಿಯ ಘಟ್ಟವನ್ನೇರಿ ಬರುವವರಿಗೆ ಸಕಲೇಶಪುರದಲ್ಲಿ ಹೇಮಾವತಿಯು ಎದುರಾಗುತ್ತಾಳೆ. ಅದೇ ಹೊಳೆಯ ಕೆಳದಂಡೆಯ ಗೊರೂರಿನಲ್ಲಿ ಒಮ್ಮೆ ಕೊಡಗಿನ ರಾಜಕುಮಾರರು ಸೆರೆಯಲ್ಲಿದ್ದರು. 1780ರಲ್ಲಿ ಲಿಂಗರಾಜನು ತೀರಿಕೊಂಡಾಗ, ಮಕ್ಕಳು ಪ್ರಾಯಕ್ಕೆ ಬರುವ ತನಕ ತಾನೇ ಪೋಷಕನೆಂದು ಹೇಳಿ ಹೈದರಾಲಿಯು ಕೊಡಗನ್ನು ವಶಪಡಿಸಿಕೊಂಡನು; ಮಕ್ಕಳನ್ನು ಗೊರೂರಿಗೆ ಕಳುಹಿಸಿದನು. 1782ರಲ್ಲಿ ಕೊಡಗರು ದಂಗೆಯೆದ್ದರು. ಅದೇ ವರ್ಷದ ಡಿಸೆಂಬರಿನಲ್ಲಿ ಹೈದರನೂ ಗತಿಸಿದನು. ಸೆರೆ ಮಾತ್ರ ಸಡಿಲಲಿಲ್ಲ. ಮುಂದೆ ಪಿರಿಯಾಪಟ್ಟಣಕ್ಕೆ ಒಯ್ಯಲ್ಪಟ್ಟಿದ್ದ ಹಿರಿಯ ಕುಮಾರ ವೀರರಾಜೇಂದ್ರನು 1788ರ ಡಿಸೆಂಬರಿನಲ್ಲಿ ತಮ್ಮಂದಿರಾದ ಅಪ್ಪಾಜಿ, ಲಿಂಗರಾಜರೊಡನೆ ತಪ್ಪಿಸಿಕೊಂಡನು.

ಈ ವೀರರಾಜೇಂದ್ರನೇ ಅರಸನಾದ ಮೇಲೆ ಬರೆಯಿಸಿದ ಕನ್ನಡ ಗ್ರಂಥ ‘ರಾಜೇಂದ್ರನಾಮೆ’. 1633ರಿಂದ 1807ರ ವರೆಗಿನ ಕೊಡಗಿನ ದೊರೆಗಳ ವೃತ್ತಾಂತ ಇದರ ವಸ್ತು. ದೊರೆಯೇ ಬರೆಯಿಸಿದ ಚರಿತ್ರೆಯೆಂದು ಇದನ್ನು ಬದಿಗೊತ್ತುವುದು ಸುಲಭ. ಇದರಲ್ಲಿ ಪಕ್ಷಪಾತವಿರುವುದೂ ಸಹಜವೇ. ಆದರೆ ಇದು ಸಿದ್ಧವಾದ ಸಮಯವನ್ನು ನೋಡಬೇಕು. 1807ರಲ್ಲಿ ರಾಣಿ ಮಹಾದೇವಮ್ಮಾಜಿಯು ಮೃತಳಾಗಿದ್ದಳು. ಅರಸನಿಗೆ ಆ ರಾಣಿಯಲ್ಲಿ ಹುಟ್ಟಿದವರು ಹೆಣ್ಣುಮಕ್ಕಳು. ಹಿರಿಯ ಮಗಳು ದೇವಮ್ಮಾಜಿಗೆ ಪಟ್ಟವು ಭದ್ರವಾಗಬೇಕೆಂಬ ಆತುರ ಆತನನ್ನು ಕಾಡುತ್ತಿದ್ದಿತು. ಹೀಗೆ ನೋಡಿದರೆ, ಬಾಲ್ಯದಲ್ಲಿ ‘ಪೋಷಕ’ನ ಕೈಗೆ ಸಿಕ್ಕಿ ರಾಜ್ಯವನ್ನು ಕಳೆದುಕೊಂಡವನು ತನ್ನ ಮಗುವಿಗಾಗಿ ಮಾಡಿದ ಮೊರೆಯೇ ಈ ಚರಿತ್ರೆ. ಇದನ್ನು ಬರಿಯ ಸ್ತುತಿಯೆಂದು ಓದುವವರಿಗೆ ಒಳಗಿನ ಭೀತಿಯು ಕೇಳಿಸದು.

ಇದೇ ಕಾಲದ ಫ್ರಾನ್ಸಿನಲ್ಲಿಯೂ ಈ ಮಾತು ಬಂದಿದ್ದಿತು. ಮಹಾಕ್ರಾಂತಿಯಲ್ಲಿ, 1793ರಲ್ಲಿ, ಟೆಂಪಲ್ ಸೆರೆಮನೆಯ ಬಾಲಕ ಲೂಯಿಯನ್ನು ತಾಯಿಯಿಂದ ಅಗಲಿಸಿ, ಸಿಮೋನ್ ಎಂಬ ಜೋಡುಗಾರನ ಪೋಷಣೆಗೆ ಒಪ್ಪಿಸಿದರು. ಆ ಮಗು 1795ರ ಜೂನಿನಲ್ಲಿ, ಹತ್ತನೆಯ ವಯಸ್ಸಿನಲ್ಲಿ, ಸೆರೆಯಲ್ಲಿಯೇ ಸತ್ತಿತು. ಆ ಸೆರೆವಾಸದ ನೆನಪುಗಳನ್ನು ಬರೆದಿಟ್ಟವಳು ಜೊತೆಗೆ ಸೆರೆಯಲ್ಲಿದ್ದ ಅಕ್ಕ ಮಾರಿ ತೆರೇಸ್. ಅಕ್ಕನ ಬರವಣಿಗೆಯಲ್ಲಿರುವುದು ಶೋಕ. ಅದಕ್ಕೆ ಸಾಧಿಸಬೇಕಾದ ಹಕ್ಕಿಲ್ಲ. ಅರಸನ ಗ್ರಂಥದಲ್ಲಿ ಹಕ್ಕಿನ ವಾದವೇ ಮುಂದು. ಬಾಲಕನ ನೋವನ್ನು ಹುಡುಕುವ ವಾಚಕನು ಅದನ್ನು ವಾದದ ಮರೆಯಲ್ಲಿ ತಾನೇ ಊಹಿಸಿಕೊಳ್ಳಬೇಕು. ಸಾಹಿತ್ಯದೃಷ್ಟಿಯಿಂದ ಇದು ಕೊರತೆಯೇ ಸರಿ.

1809ರಲ್ಲಿ ವೀರರಾಜೇಂದ್ರನು ಕಾಲವಾದನು. ಚಿಕ್ಕವಳಾದ ದೇವಮ್ಮಾಜಿಯ ಪರವಾಗಿ ಆಡಳಿತವನ್ನು ಕೈಗೆ ತೆಗೆದುಕೊಂಡ ಚಿಕ್ಕಪ್ಪನು 1811ರಲ್ಲಿ ಆಕೆಯನ್ನು ಬದಿಗೆ ಸರಿಸಿ ತಾನೇ ರಾಜನೆಂದು ಸಾರಿಕೊಂಡನು. ಆತನೇ ಅಣ್ಣನೊಡನೆ ಪಿರಿಯಾಪಟ್ಟಣದಿಂದ ಓಡಿಬಂದಿದ್ದ ಲಿಂಗರಾಜ. 1807ಕ್ಕೆ ನಿಂತುಹೋದ ‘ರಾಜೇಂದ್ರನಾಮೆ’ಯಲ್ಲಿ ಈ ಅಧ್ಯಾಯವಿಲ್ಲ.