ನಲವತ್ತೊಂಬತ್ತು ರೂಪಾಯಿಯ ಅಸಲು

ಮನೆ ಸಾಲಕ್ಕೆ ಸಂಬಂಧಪಟ್ಟ ಕಾಗದಗಳಲ್ಲಿ ಈಚೆಗೆ ಅತಿ ಹೆಚ್ಚು ಹೊಗಳಿಸಿಕೊಂಡದ್ದು 'ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್'. ರಿಸರ್ವ್ ಬ್ಯಾಂಕ್ 2024ರ ಏಪ್ರಿಲ್‌ನಲ್ಲಿ ಸುತ್ತೋಲೆ ಹೊರಡಿಸಿ, ಆ ವರ್ಷದ ಅಕ್ಟೋಬರ್ 1ರಿಂದ ಹೊಸ ಗೃಹಸಾಲಗಳಿಗೆಲ್ಲ ಇದನ್ನು ಕಡ್ಡಾಯ ಮಾಡಿತು. ಇನ್ನು ಮುಂದೆ ಸಾಲಗಾರನಿಗೆ ಎಲ್ಲವೂ ಕಣ್ಣೆದುರೇ ಇರುತ್ತದೆ, ಮೋಸಹೋಗುವ ಮಾತೇ ಇಲ್ಲ ಎಂಬರ್ಥದ ಬರಹಗಳು ಸಾಲಾಗಿ ಬಂದವು. ನಾನು ಸಿಂಧನೂರು ಸೀಮೆಯ ತುರ್ವಿಹಾಳದಲ್ಲಿ ಕೂತು ಹತ್ತಾರು ಮಂದಿಗೆ ಸಾಲದ ಕಾಗದ ಓದಿ ಹೇಳಿದವನು. ನನ್ನ ಎಣಿಕೆಯಲ್ಲಿ ಆ ಪತ್ರ ಒಳ್ಳೆಯ ಉದ್ದೇಶದಿಂದ ಹುಟ್ಟಿದ, ಜೋಡಣೆಯಲ್ಲಿ ಸೋತ ಬರಹ. ಓದಬೇಕಾದ ನಿಜವಾದ ಕೃತಿ ಅದರ ಬೆನ್ನಿಗೆ ಅನುಬಂಧವಾಗಿ ಹೊಲಿದಿರುವ ಕಂತಿನ ಪಟ್ಟಿ. ಅದನ್ನು ಹೊಗಳುವವರೂ ಇಲ್ಲ, ತೆಗಳುವವರೂ ಇಲ್ಲ, ಯಾಕೆಂದರೆ ಓದಿದವರಿಲ್ಲ.

ನಮ್ಮ ಕಡೆ ಸಾಲದ ಮಾತು ಶುರುವಾಗುವುದೇ ಒಂದು ಪ್ರಶ್ನೆಯಿಂದ: "ತಿಂಗಳಿಗಿ ಎಷ್ಟ ಬೀಳ್ತದ್ರಿ?" ಪ್ಲಾಟ್ ನೋಡುವಾಗಲೂ ಅದೇ, ಸ್ಲ್ಯಾಬ್ ಹಾಕಿಸುವಾಗಲೂ ಅದೇ. "ಎಲ್ಲಾ ಕೂಡಿ ಎಷ್ಟ ಆಗ್ತದ?" ಎಂದು ಕೇಳಿದವರನ್ನು ನಾನು ಬೆರಳೆಣಿಕೆಯಷ್ಟೂ ಕಂಡಿಲ್ಲ. ಹೊಸ ಪತ್ರ ಈ ಮೊದಲನೆಯ ಪ್ರಶ್ನೆಗೆ ಮೊದಲ ಕೋಷ್ಟಕದಲ್ಲೇ ಉತ್ತರ ಕೊಡುತ್ತದೆ. ಎರಡನೆಯದಕ್ಕೆ, ಅಂದರೆ ಕೊನೆತನಕ ಕಟ್ಟುವ ಒಟ್ಟು ಬಡ್ಡಿ ಎಷ್ಟು ಎಂಬುದಕ್ಕೆ, ಅನುಬಂಧಕ್ಕೆ ಹೋಗಬೇಕು. ಅಷ್ಟು ಹೊತ್ತಿಗೆ ಗುಮಾಸ್ತರು ಸಹಿ ಹಾಕುವ ಜಾಗಗಳಿಗೆಲ್ಲ ಪೆನ್ಸಿಲ್‌ನಲ್ಲಿ ಗುರುತು ಮಾಡಿ ಮುಗಿಸಿರುತ್ತಾರೆ.

20 ಲಕ್ಷ ರೂಪಾಯಿ, ಶೇ 8.5 ಬಡ್ಡಿ, 20 ವರ್ಷ. ಸಿಂಧನೂರು ಸೀಮೆಯಲ್ಲಿ ಮಾಸ್ತರರೊಬ್ಬರು ಎರಡು ಕೋಣೆಯ ಮನೆ ಕಟ್ಟಿಸಲು ತೆಗೆಯಬಹುದಾದ ಸಾಲ ಇದು. ಕಂತು 17,356 ರೂಪಾಯಿ. 240 ಕಂತಿಗೆ ಸುಮಾರು 41 ಲಕ್ಷ 65 ಸಾವಿರ. ಬಡ್ಡಿಯೇ 21 ಲಕ್ಷ 65 ಸಾವಿರ, ಅಸಲಿಗಿಂತ ಜಾಸ್ತಿ. ಇಷ್ಟನ್ನು ಯಾವ ಮೊಬೈಲ್ ಬೇಕಾದರೂ ಹೇಳುತ್ತದೆ. ಪಟ್ಟಿ ಹೇಳುವುದು ಬೇರೆ.

ಪಟ್ಟಿಯ ಮೊದಲ ಸಾಲು ನೋಡಿ. ಕಟ್ಟಿದ್ದು 17,356. ಅದರಲ್ಲಿ ಬಡ್ಡಿ 14,167, ಅಸಲು 3,190. ಮೊದಲ ವರ್ಷ ಪೂರ್ತಿ ತಪ್ಪದೆ ಕಟ್ಟಿದರೆ ಎರಡು ಲಕ್ಷ ಎಂಟು ಸಾವಿರ ಹೋಗಿರುತ್ತದೆ, ಸಾಲ ಇಳಿದಿರುವುದು 40 ಸಾವಿರದಷ್ಟು. ಹತ್ತು ವರ್ಷ ಕಟ್ಟಿ 120ನೆಯ ಸಾಲಿಗೆ ಬನ್ನಿ. ಅಷ್ಟು ಹೊತ್ತಿಗೆ 20 ಲಕ್ಷ 82 ಸಾವಿರ ಕಟ್ಟಿಯಾಗಿದೆ, ತಂದ ಸಾಲಕ್ಕಿಂತ ಹೆಚ್ಚು. ಬಾಕಿ ಇನ್ನೂ 14 ಲಕ್ಷ! ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೊದಲ ಸಲ ದಾಟುವುದು 143ನೆಯ ಸಾಲಿನಲ್ಲಿ, ಅಂದರೆ ಹನ್ನೆರಡನೆಯ ವರ್ಷದ ಕೊನೆಗೆ. ಸಾಲ ಅರ್ಧಕ್ಕೆ ಇಳಿಯುವುದು 166ನೆಯ ಸಾಲಿನಲ್ಲಿ. ಮನೆ ಕಟ್ಟಿದಾಗ ಒಂದನೇ ಇಯತ್ತೆಯಲ್ಲಿದ್ದ ಮಗ ಕಾಲೇಜು ಮುಗಿಸುವ ಹೊತ್ತಿಗೆ ಅರ್ಧ ಮನೆ ನಮ್ಮದು.

ಇದರಲ್ಲಿ ಬ್ಯಾಂಕಿನ ಕಳ್ಳಲೆಕ್ಕ ಏನೂ ಇಲ್ಲ, ಅದನ್ನು ಸ್ಪಷ್ಟವಾಗಿ ಹೇಳುತ್ತೇನೆ. ಉಳಿದ ಬಾಕಿಯ ಮೇಲೆ ತಿಂಗಳ ಬಡ್ಡಿ, ಅಷ್ಟೇ. ನನ್ನ ಆಕ್ಷೇಪ ಕಂತಿನ ರೂಪದ ಮೇಲೆ. ಮೊದಲ ತಿಂಗಳೂ 17,356, ಕೊನೆಯ ತಿಂಗಳೂ 17,356. ಒಳಗೆ ಇಷ್ಟು ದೊಡ್ಡ ಬದಲಾವಣೆ ಆಗುತ್ತಿದ್ದರೂ ಮೇಲುನೋಟಕ್ಕೆ ಒಂದೇ ಮುಖ. ಆ ಸಮ ಸಂಖ್ಯೆ ಕಾಲವನ್ನು ಮುಚ್ಚಿಡುತ್ತದೆ. ಆರಂಭದಲ್ಲಿ ಕಟ್ಟುವ ರೂಪಾಯಿಗೂ ಕೊನೆಯಲ್ಲಿ ಕಟ್ಟುವ ರೂಪಾಯಿಗೂ ಇರುವ ವ್ಯತ್ಯಾಸ ತಿಳಿಯದೆ ಮನೆ ಸಾಲದ ಬೆಲೆ ತಿಳಿಯುವುದಿಲ್ಲ.

ಅವಧಿ ಬೆಳೆಸಿದರೆ ಕಂತು ಇಳಿಯುತ್ತದೆ ಎಂಬ ಮಾತು ಎಲ್ಲ ಏಜೆಂಟರ ಬಾಯಲ್ಲೂ ಇದೆ. ಅದೇ ಸಾಲವನ್ನು 30 ವರ್ಷಕ್ಕೆ ಹಾಕಿದರೆ ಕಂತು 15,378. ತಿಂಗಳಿಗೆ 1,978 ರೂಪಾಯಿ ಹಗುರ, ಒಟ್ಟಿನಲ್ಲಿ 13 ಲಕ್ಷ 70 ಸಾವಿರ ಭಾರ.

ಈಗ ಆ ಹೊಗಳಿಸಿಕೊಂಡ ಪತ್ರಕ್ಕೆ ಬರೋಣ. ಅದರ ಹೆಮ್ಮೆಯ ಅಂಕಿ ಎಪಿಆರ್, ಅಂದರೆ ಫೀ, ವಿಮೆ ಮುಂತಾದ ಖರ್ಚನ್ನೆಲ್ಲ ಸೇರಿಸಿ ಹೇಳುವ ವಾರ್ಷಿಕ ದರ. ಮೇಲಿನ ಸಾಲಕ್ಕೆ ಪ್ರೊಸೆಸಿಂಗ್ ಫೀ, ವಿಮೆ ಅಂತ 40 ಸಾವಿರ ಹಿಡಿದುಕೊಂಡರು ಎನ್ನೋಣ. ಎಪಿಆರ್ 8.5ರಿಂದ ಸುಮಾರು 8.78ಕ್ಕೆ ಹೋಗುತ್ತದೆ. ಓದಿದವನಿಗೆ ಏನನ್ನಿಸುತ್ತದೆ? ಪಾಯಿಂಟ್ ಎರಡು ಎಂಟು, ಚಿಲ್ಲರೆ. ಅದೇ 40 ಸಾವಿರವನ್ನು ಸಾಲಕ್ಕೇ ಸೇರಿಸಿದರೆ 20 ವರ್ಷದಲ್ಲಿ ಅದಕ್ಕಾಗಿ ಕಟ್ಟುವುದು 83 ಸಾವಿರ. ಒಂದೇ ಸಂಗತಿಯ ಎರಡು ಹೇಳಿಕೆಗಳಲ್ಲಿ ಯಾವುದನ್ನು ಮುಂದಿಡಬೇಕು ಎಂಬ ಆಯ್ಕೆ ಬರಹಗಾರನದು. ಸುತ್ತೋಲೆ ಬರೆದವರು ಶೇಕಡಾವಾರನ್ನು ಆರಿಸಿಕೊಂಡರು. ಅದು ಎರಡು ಬ್ಯಾಂಕುಗಳನ್ನು ಹೋಲಿಸಿ ನೋಡುವವನಿಗೆ ಸರಿ. ನಮ್ಮಂಥ ಊರಿನಲ್ಲಿ ಕಾಗದಪತ್ರ ಸರಿಯಿಲ್ಲದ ಗ್ರಾಮಠಾಣಾ ಮನೆಯವನಿಗೆ ಒಂದು ಕಡೆ ಸಾಲ ಸಿಕ್ಕರೆ ಅದೇ ದೊಡ್ಡದು. ಅವನು ಯಾವುದಕ್ಕೆ ಯಾವುದನ್ನು ಹೋಲಿಸಬೇಕು?

ಇದಕ್ಕಿಂತ ದೊಡ್ಡ ದೋಷ ಪತ್ರದ ಕೋಷ್ಟಕದ ಒಂದೇ ಒಂದು ಮನೆಯಲ್ಲಿದೆ. ಬದಲಾಗುವ ಬಡ್ಡಿಯ ಸಾಲವಾದರೆ, ಮಾನದಂಡದ ದರ ಶೇ 0.25 ಹೆಚ್ಚಿದರೆ ಕಂತು ಎಷ್ಟು ಏರುತ್ತದೆ, ಅಥವಾ ಕಂತುಗಳ ಸಂಖ್ಯೆ ಎಷ್ಟು ಬೆಳೆಯುತ್ತದೆ ಎಂದು ಅಲ್ಲಿ ತೋರಿಸಬೇಕು. ನಮ್ಮ ಲೆಕ್ಕದಲ್ಲಿ 318 ರೂಪಾಯಿ, ಇಲ್ಲವೇ ಹನ್ನೆರಡು ಹದಿಮೂರು ಕಂತು. ಓದಿದವನು ತಡೆದುಕೊಳ್ಳಬಹುದು ಎಂದುಕೊಳ್ಳುತ್ತಾನೆ. ಆದರೆ 2022ರ ಮೇಯಿಂದ 2023ರ ಫೆಬ್ರವರಿಯೊಳಗೆ, ಸಾಮಾನ್ಯವಾಗಿ ಈ ಮಾನದಂಡವಾಗಿರುವ ರೆಪೊ ದರ ಶೇ 4ರಿಂದ 6.5ಕ್ಕೆ ಏರಿತು. ಹತ್ತು ತಿಂಗಳಲ್ಲಿ, ಆ ಮನೆಯಲ್ಲಿ ತೋರಿಸಿದ್ದರ ಹತ್ತುಪಟ್ಟು.

ಹತ್ತುಪಟ್ಟು ಅಂದರೆ ಏನು ಎಂದು ಲೆಕ್ಕ ಮಾಡಿದ ದಿನ ನನಗೆ ರಾತ್ರಿ ನಿದ್ದೆ ಬರಲಿಲ್ಲ. ಶೇ 7ಕ್ಕೆ 20 ಲಕ್ಷ ತೆಗೆದವನ ಕಂತು 15,506. ಒಂದು ವರ್ಷ ಕಟ್ಟಿದ ಮೇಲೆ ಬಾಕಿ 19,52,421. ಆಗ ಬಡ್ಡಿ 9.5 ಆಯಿತು, ಕಂತು ಅಷ್ಟೇ ಉಳಿಯಿತು ಎನ್ನಿ. ಆ ತಿಂಗಳ ಬಡ್ಡಿ 15,457. ಅಸಲಿಗೆ ಹೋಗುವುದು 49 ರೂಪಾಯಿ. ಹದಿನೈದೂವರೆ ಸಾವಿರ ಕಟ್ಟಿದವನ ಮನೆ ಆ ತಿಂಗಳು ಅವನದಾದದ್ದು 49 ರೂಪಾಯಿಯಷ್ಟು. ಹಾಗೇ ಬಿಟ್ಟರೆ ಸಾಲ ತೀರಲು ಇನ್ನೂ 60 ವರ್ಷ ಬೇಕು. ದರ ಹಂತಹಂತವಾಗಿ ಏರಿದ್ದರಿಂದ, ಕೆಲವು ಕಡೆ ಕಂತನ್ನೂ ಏರಿಸಿದ್ದರಿಂದ ಎಲ್ಲರಿಗೂ ಇಷ್ಟು ಕೆಟ್ಟದಾಗಲಿಲ್ಲ. ಆದರೂ ದಿಕ್ಕು ಇದೇ ಆಗಿತ್ತು. ನನ್ನ ಸ್ವಂತ ಸಾಲದ ಅವಧಿ ಬೆಳೆದದ್ದು ನನಗೆ ತಿಳಿದದ್ದು ಪಾಸ್‌ಬುಕ್ ಎಂಟ್ರಿ ಹಾಕಿಸಲು ಹೋದ ದಿನ, ಅದೂ ನಾನೇ ಕೇಳಿದ್ದರಿಂದ. ಕಂತು ಬದಲಾಗಿರಲಿಲ್ಲವಲ್ಲ, ಅನುಮಾನ ಬರುವುದಾದರೂ ಹೇಗೆ?

ಕಂತು ಏರಿಸಬೇಕೋ, ಅವಧಿ ಬೆಳೆಸಬೇಕೋ, ಸ್ಥಿರ ಬಡ್ಡಿಗೆ ಹೋಗಬೇಕೋ ಎಂಬ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕು, ಕಂತು ಬಡ್ಡಿಗೂ ಸಾಕಾಗದ ಸ್ಥಿತಿ ಬರಬಾರದು ಎಂದು ರಿಸರ್ವ್ ಬ್ಯಾಂಕ್ ಹೇಳಿದ್ದು 2023ರ ಆಗಸ್ಟ್ 18ರ ಸುತ್ತೋಲೆಯಲ್ಲಿ. ಆ ಹೊತ್ತಿಗೆ ಏರಿಕೆ ಮುಗಿದಿತ್ತು. ಈ ಅನುಭವದ ಮೇಲೂ ಮರುವರ್ಷ ಬರೆದ ಪತ್ರದಲ್ಲಿ ಶೇ 0.25ರ ಉದಾಹರಣೆಯನ್ನೇ ಇಟ್ಟದ್ದನ್ನು ನಾನು ಒಪ್ಪಲಾರೆ. ಶೇ 2.5ರ ಇನ್ನೊಂದು ಸಾಲು ಬರೆಯಲು ಎಷ್ಟು ಶಾಯಿ ಬೇಕು?

ಪತ್ರದ ಒಳ್ಳೆಯ ಗುಣಗಳೂ ಇವೆ. ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿರಬೇಕು, ವಿವರಿಸಿ ಹೇಳಿ ಅರ್ಥವಾಗಿದೆ ಎಂದು ಒಪ್ಪಿಗೆ ಪಡೆಯಬೇಕು, ಯೋಚಿಸಲು ಕನಿಷ್ಠ ಮೂರು ಕೆಲಸದ ದಿನ ಕೊಡಬೇಕು ಎಂಬ ನಿಯಮಗಳು ಅದರಲ್ಲಿವೆ. ಕನ್ನಡದಲ್ಲಿ ಕೇಳಿ ಪಡೆಯುವ ಹಕ್ಕು ನಮಗಿದೆ. ನಾನು ಓದಿಕೊಟ್ಟ ಪತ್ರಗಳೆಲ್ಲ ಇಂಗ್ಲಿಷಿನಲ್ಲಿದ್ದವು, ಎಲ್ಲದರ ಕೆಳಗೂ 'ಅರ್ಥವಾಗಿದೆ' ಎಂಬುದಕ್ಕೆ ಕನ್ನಡದ ಸಹಿ ಇತ್ತು.

ಒಟ್ಟು ಬಡ್ಡಿಯನ್ನು ಲೆಕ್ಕಕ್ಕೆ ಹಿಡಿಯಬೇಕೋ ಬೇಡವೋ ಎಂಬಲ್ಲಿ ಹಣಕಾಸು ಅಂಕಣಕಾರರ ಜೊತೆ ನನ್ನ ಜಗಳ ಇದೆ. ಅವರ ಮೊದಲ ವಾದ: ಒಟ್ಟು ಬಡ್ಡಿ ಕೂಡಿಸಿ ಹೆದರುವುದು ದಡ್ಡತನ, ಇಪ್ಪತ್ತು ವರ್ಷದ ನಂತರದ ರೂಪಾಯಿಗೆ ಇವತ್ತಿನ ಬೆಲೆ ಇರುವುದಿಲ್ಲ. ಸರಿ. ಹಾಗಾದರೆ ಯಾವ ದರದಲ್ಲಿ ಕಳೆಯುತ್ತೀರಿ? ಸಾಲದ ಬಡ್ಡಿ ದರದಲ್ಲೇ ಕಳೆಯುತ್ತ ಹೋದರೆ 41 ಲಕ್ಷ ತಿರುಗಿ ಬಂದು 20 ಲಕ್ಷಕ್ಕೇ ನಿಲ್ಲುತ್ತದೆ, ಕಂತಿನ ಸೂತ್ರ ಕಟ್ಟಿರುವುದೇ ಹಾಗೆ. ಆ ಲೆಕ್ಕದಲ್ಲಿ ಜಗತ್ತಿನ ಯಾವ ಸಾಲವೂ ದುಬಾರಿಯಲ್ಲ. ಬೆಲೆಯೇರಿಕೆಯ ದರದಲ್ಲಿ ಕಳೆಯಬೇಕು ಎಂದರೆ, ಯಾರ ಗಳಿಕೆ ಆ ದರದಲ್ಲಿ ಏರುತ್ತದೆ ಎಂದು ಮೊದಲು ಹೇಳಬೇಕು. ತುಟ್ಟಿಭತ್ಯೆ ಇರುವ ಮಾಸ್ತರರಿಗೆ ಈ ಮಾತು ನಿಜ. ತುಂಗಭದ್ರಾ ಎಡದಂಡೆ ನಾಲೆಯ ನೀರು ನಂಬಿ ಭತ್ತ ಬೆಳೆಯುವವನಿಗೆ? ಭತ್ತದ ಬೆಂಬಲ ಬೆಲೆ 2014-15ರಲ್ಲಿ 1,360 ಇದ್ದದ್ದು 2024-25ಕ್ಕೆ 2,300 ಆಗಿದೆ ಎಂದು ಯಾರಾದರೂ ತೋರಿಸಬಹುದು. ಅವನ ತೊಂದರೆ ಸರಾಸರಿಯದಲ್ಲ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟೆಯ 19ನೇ ಗೇಟು ಕೊಚ್ಚಿಕೊಂಡು ಹೋದಾಗ ಈ ಸೀಮೆಯ ಪ್ರತಿ ಮನೆಯಲ್ಲೂ ಎರಡನೆಯ ಬೆಳೆಯ ಚಿಂತೆ ಹೊಕ್ಕಿತು. ಆ ತಿಂಗಳೂ ಕಂತಿನ ತಾರೀಖು ಅದೇ ಆಗಿತ್ತು. ಕಂತು ಎಂಬುದು ತಿಂಗಳ ಪಗಾರದವನಿಗಾಗಿ ಹುಟ್ಟಿದ ರೂಪ. ಬೆಳೆ ಬಂದಾಗ ಕೈತುಂಬ, ಉಳಿದಂತೆ ಬರಿಗೈ ಎಂಬ ಬದುಕಿಗೆ ಅದನ್ನು ಹೊಂದಿಸಲು ಬಂಗಾರ ಒತ್ತೆ ಇಡಬೇಕಾಗುತ್ತದೆ. ಆ ಒತ್ತೆಯ ಬಡ್ಡಿಯೂ ಮನೆಯ ಖರ್ಚೇ. ಯಾವ ಎಪಿಆರ್‌ನಲ್ಲೂ ಅದು ಇಲ್ಲ.

ಎರಡನೆಯ ವಾದ ತೆರಿಗೆ ಉಳಿತಾಯ. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ. 2023-24ರಿಂದ ತಾನಾಗಿಯೇ ಅನ್ವಯವಾಗುವ ಹೊಸ ಪದ್ಧತಿಯಲ್ಲಿ ಅದು ಇಲ್ಲ. ತೆರಿಗೆಯ ಮಿತಿಗೇ ಮುಟ್ಟದ ಕಿರಾಣಿ ಅಂಗಡಿಯವನಿಗೆ ಇದ್ದರೂ ಇಲ್ಲದಿದ್ದರೂ ಒಂದೇ. ಆದರೂ ಈ ಮಾತನ್ನು ಇವತ್ತಿಗೂ ಸಾಲ ಮಾರುವಾಗ ಹೇಳುತ್ತಾರೆ.

ಇನ್ನು ಬಾಡಿಗೆಯೇ ಲೇಸು ಎನ್ನುವವರು. ಬೆಂಗಳೂರಿನ ಅಪಾರ್ಟ್‌ಮೆಂಟಿನ ಬಾಡಿಗೆಯನ್ನೂ ಬೆಲೆಯನ್ನೂ ಹಿಡಿದು ಮಾಡಿದ ಲೆಕ್ಕವನ್ನು ಇಡೀ ನಾಡಿಗೆ ಹಂಚುತ್ತಾರೆ. ತುರ್ವಿಹಾಳದಲ್ಲಿ ಅಜ್ಜನ ಜಾಗದ ಮೇಲೆ ಕಟ್ಟಿದ ಮನೆಯನ್ನು ಯಾರೂ ಮಾರಲು ಕಟ್ಟುವುದಿಲ್ಲ. ಅದರಲ್ಲಿ ಹೆಣ್ಣುಮಕ್ಕಳ ಬಾಣಂತನ ಆಗಬೇಕು, ಕಟ್ಟೆಯ ಮೇಲೆ ಹಿರಿಯರು ಕೂಡಬೇಕು. ಮನೆ ಬೇಡ ಎಂಬುದು ನನ್ನ ವಾದವಲ್ಲ. ಮನೆ ಬೇಕೆಂಬ ಆ ಗಟ್ಟಿ ಆಸೆಯ ಕಾರಣದಿಂದಲೇ ಬೆಲೆ ತಿಳಿದಿರಬೇಕು ಎನ್ನುತ್ತೇನೆ.

ಬೆಲೆ ಕಾಣಿಸುವ ಸಾಲವೊಂದು ನಮ್ಮ ಹಿರಿಯರಿಗೆ ಗೊತ್ತಿತ್ತು, ಭೋಗ್ಯ. ಹೊಲ ಸಾಲಗಾರನ ಕೈಬಿಟ್ಟು ಸಾಲ ಕೊಟ್ಟವನ ಕೈಗೆ ಹೋಗುತ್ತಿತ್ತು, ಬೆಳೆಯೇ ಬಡ್ಡಿ. ಇದೇ ಕಲ್ಯಾಣ ನಾಡಿನಲ್ಲಿ ಕೂತು ವಿಜ್ಞಾನೇಶ್ವರ ಮಿತಾಕ್ಷರಾ ಬರೆದ. ಅವನು ವ್ಯಾಖ್ಯಾನಿಸಿದ ಯಾಜ್ಞವಲ್ಕ್ಯ ಸ್ಮೃತಿಯ ಋಣಾದಾನ ಪ್ರಕರಣದಲ್ಲಿ ಭೋಗ್ಯದ ಒತ್ತೆಗೂ ಬರೀ ಒತ್ತೆಗೂ ಬೇರೆ ಬೇರೆ ವಿಧಿಗಳಿವೆ. ಒಮ್ಮೆಗೆ ವಸೂಲು ಮಾಡುವ ಬಡ್ಡಿ ಅಸಲನ್ನು ಮೀರಬಾರದು ಎಂಬ ದಾಮದುಪ್ಪಟ್ಟಿನ ನಿಯಮವೂ ಆ ಪರಂಪರೆಯದೇ. ವರ್ಷವರ್ಷ ಕಟ್ಟಿದ್ದರ ಮೊತ್ತಕ್ಕೆ ಅದು ಮಿತಿ ಹಾಕುತ್ತಿರಲಿಲ್ಲ. ಭೋಗ್ಯಕ್ಕೆ ಹೋದ ಎಷ್ಟೋ ಹೊಲ ತಿರುಗಿ ಬರಲಿಲ್ಲ, ಅದನ್ನು ಚೆಂದ ಮಾಡಿ ಹೇಳುವ ಮನಸ್ಸು ನನಗಿಲ್ಲ. ಆದರೆ ಬದುವಿನ ಮೇಲೆ ನಿಂತವನಿಗೆ ತನ್ನ ಹೊಲದ ರಾಶಿ ಇನ್ನೊಬ್ಬರ ಬಂಡಿ ಏರುವುದು ಪ್ರತಿ ಸುಗ್ಗಿಯಲ್ಲೂ ಕಣ್ಣಿಗೆ ಕಾಣುತ್ತಿತ್ತು. ಕಂತಿನಲ್ಲಿ ಬಂಡಿ ಕಾಣುವುದಿಲ್ಲ. ಕಾಣಿಸುವ ಒಂದೇ ಜಾಗ ಆ ಪಟ್ಟಿ.

ಕಳೆದ ಸುಗ್ಗಿಯಲ್ಲಿ ಗಂಡಹೆಂಡತಿ ಇಬ್ಬರು ಮಗಳ ಜೊತೆ ಕಾಗದ ಹಿಡಿದು ಬಂದಿದ್ದರು. ಇದೇ ಸಾಲ, ಇದೇ ದರ. ಗಂಡ ಮೊದಲ ಪುಟ ನೋಡಿ ಮಡಚಿಟ್ಟ. ನಾನು ಪಟ್ಟಿ ಬಿಡಿಸಿ ಒಂದೊಂದು ಕಲಮು ಕನ್ನಡದಲ್ಲಿ ಓದಿದೆ. ಆಕೆ ಬೆರಳಿಟ್ಟು ಬಾಕಿಯ ಕಲಮನ್ನೇ ನೋಡುತ್ತಿದ್ದಳು.

"ಸರ, ಒಂದ್ ವರ್ಷ ಆದಮ್ಯಾಲ ಬೆಳಿ ರೊಕ್ಕದಾಗ ಒಂದ್ ಲಕ್ಷ ಮುಂಗಡ ಕಟ್ಟಿದ್ರ ಏನಾಗ್ತದ್ರಿ? ದಂಡ ಹಾಕ್ತಾರೇನು?"

"ಬದಲಾಗೋ ಬಡ್ಡಿ ಸಾಲಕ್ಕ ಬ್ಯಾಂಕಿನವರು ದಂಡ ಹಾಕಂಗಿಲ್ಲ ಯವ್ವಾ, 2012ರಿಂದ. ಕಂತ ಇಳಸಬ್ಯಾಡ್ರಿ, ಅವಧಿ ಇಳಸ್ರಿ ಅಂತ ಬರದ ಕೊಡ್ರಿ. ಇಪ್ಪತ್ತಾರು ಕಂತು ಹೋಗ್ತಾವ. ಆ ಒಂದ್ ಲಕ್ಷ ತಗದ್ರೂ ಮೂರೂವರಿ ಲಕ್ಷ ಉಳೀತದ."

ಆಕೆ ಮಗಳ ಪೆನ್ಸಿಲ್ ಇಸಕೊಂಡು, ಪಟ್ಟಿಯ ಕೊನೆಯ ಹಾಳೆ ತೆಗೆದು, ಕೆಳಗಿನಿಂದ ಮೇಲಕ್ಕೆ ಎಣಿಸುತ್ತ ಬಂದು ಇಪ್ಪತ್ತಾರನೆಯ ಸಾಲಿನ ಮೇಲೆ ಗೆರೆ ಎಳೆದಳು.