ನೆಲ ಹೋದ ಮನೆಗೆ ಒಂದು ನೌಕರಿ

ಕಾರವಾರದ ಸೀಬರ್ಡ್ ನೌಕಾನೆಲೆಗೆ ರಾಜೀವ್ ಗಾಂಧಿ ಅಡಿಗಲ್ಲು ಹಾಕಿದ್ದು 1986ರಲ್ಲಿ. ಅದು ಐಎನ್ಎಸ್ ಕದಂಬ ಎಂಬ ಹೆಸರಿನಲ್ಲಿ ಕೆಲಸ ಶುರು ಮಾಡಿದ್ದು 2005ರಲ್ಲಿ. ಸಮುದ್ರದಂಚಿನ ಊರುಗಳಿಂದ ಎದ್ದು ತೋಡೂರು, ಮುದಗಾ, ಹಾರವಾಡದ ಕಾಲೊನಿ ಸೇರಿದವರು ನೌಕರಿ ಕೇಳುವುದನ್ನು ಇನ್ನೂ ಬಿಟ್ಟಿಲ್ಲ. ನಿರಾಶ್ರಿತರ ಮನೆಗಳಲ್ಲಿ ಒಂದು ಪ್ಲಾಸ್ಟಿಕ್ ಚೀಲ ಇರುತ್ತದೆ. ಹಳೆಯ ಪಹಣಿ, ಪರಿಹಾರದ ನೋಟಿಸು, ವಂಶವೃಕ್ಷ, ನಿರಾಶ್ರಿತ ಪ್ರಮಾಣಪತ್ರ, ಒಂದೊಂದರದ್ದೂ ನಾಲ್ಕಾರು ಜೆರಾಕ್ಸು. ಮಡಚಿದ ಜಾಗದಲ್ಲಿ ಪಹಣಿ ಹರಿದಿರುತ್ತದೆ, ಸರ್ವೆ ನಂಬರು ಮಾತ್ರ ಮನೆಯವರಿಗೆಲ್ಲ ಬಾಯಿಪಾಠ.

1894ರ ಭೂಸ್ವಾಧೀನ ಕಾಯ್ದೆಯಲ್ಲಿ ನೌಕರಿಯ ಸುದ್ದಿಯೇ ಇರಲಿಲ್ಲ. ರೂರ್ಕೆಲಾ ಉಕ್ಕಿನ ಕಾರ್ಖಾನೆಗೆ ಜಮೀನು ಬಿಟ್ಟುಕೊಟ್ಟವರು ಸುಪ್ರೀಂ ಕೋರ್ಟಿನವರೆಗೂ ಹೋದರು. ಪರಿಹಾರ ಸಂದ ಮೇಲೆ ನೌಕರಿಯನ್ನು ಹಕ್ಕಾಗಿ ಕೇಳಲು ಬರುವುದಿಲ್ಲ ಎಂದು 1995ರಲ್ಲಿ ತೀರ್ಪಾಯಿತು. ಹಾಗಾಗಿ 2013ರ ಹೊಸ ಕಾಯ್ದೆ ನೌಕರಿಯನ್ನು ತನ್ನ ಎರಡನೇ ಅನುಸೂಚಿಯಲ್ಲಿ ಬರೆದದ್ದು ಸಣ್ಣ ಸಂಗತಿಯಲ್ಲ. ಸಂತ್ರಸ್ತ ಕುಟುಂಬ ಎಂದರೆ ಪಹಣಿಯಲ್ಲಿ ಹೆಸರಿದ್ದವರು ಮಾತ್ರ ಅಲ್ಲ. ಮೂರು ವರ್ಷ ಅದೇ ನೆಲದಲ್ಲಿ ದುಡಿದ ಕೂಲಿಕಾರ, ಗೇಣಿದಾರ, ಕುಶಲಕರ್ಮಿ, ನೀರನ್ನೇ ನಂಬಿದ ಮೀನುಗಾರ, ದೋಣಿಯವ ಎಲ್ಲರೂ ಅದರೊಳಗೆ ಬರುತ್ತಾರೆ. ಕಡಲಿಗೆ ಪಹಣಿ ಇಲ್ಲ ಎಂಬ ಒಂದೇ ಕಾರಣಕ್ಕೆ ಲೆಕ್ಕಕ್ಕೆ ಸಿಗದೆ ಹೋಗುವವರನ್ನು ಕಾನೂನು ಕೊನೆಗೂ ಕಂಡಿತು. ಈ ಮಾತನ್ನು ಬರೆದವರ ಬಗ್ಗೆ ನನಗೆ ನಿಜಕ್ಕೂ ಗೌರವವಿದೆ.

ಎಡವಟ್ಟಾಗಿರುವುದು ‘ಅಥವಾ’ ಎಂಬಲ್ಲಿ. ಅನುಸೂಚಿ ಮೂರು ಆಯ್ಕೆ ಕೊಡುತ್ತದೆ: ಯೋಜನೆಯಿಂದ ಕೆಲಸ ಹುಟ್ಟುವುದಾದರೆ ತರಬೇತಿ ಕೊಟ್ಟು ಕುಟುಂಬದ ಒಬ್ಬರಿಗಾದರೂ ಕನಿಷ್ಠ ವೇತನಕ್ಕೆ ಕಡಿಮೆಯಿಲ್ಲದ ನೌಕರಿ, ಅಥವಾ ಒಂದೇ ಸಲಕ್ಕೆ 5 ಲಕ್ಷ ರೂಪಾಯಿ, ಅಥವಾ 20 ವರ್ಷ ತಿಂಗಳಿಗೆ 2,000ಕ್ಕೆ ಕಡಿಮೆಯಿಲ್ಲದ ವರ್ಷಾಶನ. ವರ್ಷಾಶನ ಬೆಲೆಯೇರಿಕೆಯೊಂದಿಗೆ ಏರಬೇಕು ಎಂದಿದೆ. 5 ಲಕ್ಷಕ್ಕೆ ಆ ಮಾತಿಲ್ಲ; 2013ರಲ್ಲಿ ಬರೆದದ್ದು ಹಾಗೇ ನಿಂತಿದೆ. ತಿಂಗಳಿಗೆ 15,000 ದುಡಿಯುವವನಿಗೆ ಅದು 33 ತಿಂಗಳ ಸಂಬಳ. ನೆಲವಾದರೋ ಅಜ್ಜನಿಂದ ಮೊಮ್ಮಗನವರೆಗೆ ಉಣ್ಣಿಸಿತ್ತು. ಅದೂ ಒಬ್ಬನಿಗೆ ಕೊಟ್ಟ ಕೆಲಸವಲ್ಲ: ಕಳೆ ಕೀಳುವವಳು, ಹಾಲು ಕರೆಯುವವಳು, ಶಾಲೆ ಬಿಟ್ಟು ಬಂದು ದನ ಮೇಯಿಸುವ ಹುಡುಗ, ಎಲ್ಲರ ಕೈಗೂ ಅಲ್ಲಿ ಕೆಲಸವಿತ್ತು. ಅಷ್ಟೂ ಕೈಗಳ ಬದಲಿಗೆ ಒಂದು ಹುದ್ದೆ ಬಂದಾಗ ಅದು ಯಾರಿಗೆ ಎಂಬ ಜಗಳಕ್ಕೆ ಅಣ್ಣತಮ್ಮಂದಿರ ಒಲೆ ಬೇರೆಯಾಗುತ್ತದೆ. ಅಕ್ಕತಂಗಿಯರ ಹೆಸರು ಆ ಜಗಳದೊಳಗೂ ಬರುವುದಿಲ್ಲ. ವಯಸ್ಕರು ಗಂಡಾಗಲಿ ಹೆಣ್ಣಾಗಲಿ ಬೇರೆಯೇ ಕುಟುಂಬ, ವಿಧವೆ ಬೇರೆಯೇ ಕುಟುಂಬ ಎಂದು ಇದೇ ಕಾಯ್ದೆ ಬಾಯಿಬಿಟ್ಟು ಹೇಳಿದೆ. ಅದನ್ನು ಊರಿನಲ್ಲಿ ಯಾರಾದರೂ ಓದಿ ಹೇಳಬೇಕಲ್ಲ.

‘ಯೋಜನೆಯಿಂದ ಕೆಲಸ ಹುಟ್ಟುವುದಾದರೆ’ ಎಂಬ ಷರತ್ತು ಇನ್ನೂ ಕಠಿಣ. ಅಣೆಕಟ್ಟು ಕಟ್ಟಿ ಮುಗಿದ ಮೇಲೆ ಎಷ್ಟು ಜನ ಬೇಕು? ಹೆದ್ದಾರಿಗೆ? ಕಾರ್ಖಾನೆಯಾದರೂ ಕಾಯಂ ನೌಕರಿ ಕೊಡಬೇಕೆಂದು ಅನುಸೂಚಿ ಹೇಳುವುದಿಲ್ಲ. ಗುತ್ತಿಗೆಯಲ್ಲಿ ಗೇಟು ಕಾಯುವ ಕೆಲಸವೂ ಲೆಕ್ಕಕ್ಕೆ ಬಂದುಬಿಡಬಹುದು. ಗುತ್ತಿಗೆದಾರ ಬದಲಾದ ದಿನ ಆ ಕೆಲಸವೂ ಅಲುಗಾಡುತ್ತದೆ. ನೆಲ ಮಾತ್ರ ವಾಪಸು ಬರುವುದಿಲ್ಲ.

ನಮ್ಮ ರಾಜ್ಯದಲ್ಲಿ ಸರ್ಕಾರಿ ನೇಮಕಾತಿಯ ಸಿ ಮತ್ತು ಡಿ ಗುಂಪಿನ ಹುದ್ದೆಗಳಲ್ಲಿ ಯೋಜನಾ ನಿರಾಶ್ರಿತರಿಗೆ ಶೇ 5 ಮೀಸಲಿದೆ. ಒಳ್ಳೆಯದೇ. ಆದರೆ ಅರ್ಜಿ ಕರೆಯುವ ಹೊತ್ತಿಗೆ ವಯಸ್ಸು ಮೀರಿದ ಮಗನಿಗೆ ಆ ಪ್ರಮಾಣಪತ್ರ ಚೀಲದಲ್ಲಿ ಇನ್ನೊಂದು ಕಾಗದ, ಅಷ್ಟೇ.

2013ರ ಕಾಯ್ದೆಯಲ್ಲಿ ನನಗೆ ಹೆಚ್ಚು ಭರವಸೆ ಕೊಡುವುದು ಅನುಸೂಚಿಯಲ್ಲ, 31ನೇ ಕಲಮು. ಪುನರ್ವಸತಿಯ ಐತೀರ್ಪಿನಲ್ಲೇ ಪ್ರತಿ ಸಂತ್ರಸ್ತ ಕುಟುಂಬಕ್ಕೆ ಕೊಡಬೇಕಾದ ಕಡ್ಡಾಯ ನೌಕರಿಯ ವಿವರ ಇರಬೇಕು ಎನ್ನುತ್ತದೆ ಅದು. ಅಂದರೆ ಯಾವ ಹುದ್ದೆ, ಯಾರಿಗೆ, ಎಂದಿನಿಂದ ಎಂಬುದನ್ನೆಲ್ಲ ಬರೆದು ಕೇಳುವುದಕ್ಕೆ ಆಧಾರವಿದೆ. ಗ್ರಾಮಸಭೆಯಲ್ಲಿ ದರದ ಮೇಲೆ ದಿನವಿಡೀ ವಾದ ಮಾಡುವ ನಮ್ಮ ಜನ, ಸಹಿ ಹಾಕುವ ಮುನ್ನ ಆ ಒಂದು ಸಾಲು ತುಂಬಿದೆಯೋ ಖಾಲಿಯಿದೆಯೋ ಎಂದು ಓದಿಸಿ ಕೇಳಬೇಕು.