ಸೆರೆಯ ಸುದ್ದಿ, ನಾಡಿನ ಸುದ್ದಿ

ಯುದ್ಧದ ವರ್ತಮಾನಗಳನ್ನು ಓದುವವರು ಅವುಗಳ ಸತ್ಯಾಸತ್ಯವನ್ನು ವಿಚಾರಿಸುವುದುಂಟು. ಅವುಗಳ ಕಥನಕ್ರಮವನ್ನು ವಿಮರ್ಶಿಸುವುದು ವಿರಳ. ನಿಜವಾದ ಮಾತನ್ನೇ ಸಲ್ಲದ ಸ್ಥಾನದಲ್ಲಿ ನಿಲ್ಲಿಸಿದರೆ ಅದೂ ಓದುಗನನ್ನು ದಾರಿ ತಪ್ಪಿಸುವುದೆಂಬುದಕ್ಕೆ ಇರಾಕಿನ ವೃತ್ತಾಂತವೇ ಸಾಕ್ಷಿ.

2003ನೆಯ ಇಸವಿ ಡಿಸೆಂಬರ್ 13ರ ರಾತ್ರಿ, ಪದಚ್ಯುತನಾಗಿದ್ದ ಸದ್ದಾಂ ಹುಸೇನನು ತಿಕ್ರಿತ್ ಪಟ್ಟಣದ ಸಮೀಪ ಅದ್-ದೌರ್ ಎಂಬಲ್ಲಿ, ತೋಟವೊಂದರ ನೆಲಗುಳಿಯಲ್ಲಿ ಅಮೆರಿಕದ ಸೈನಿಕರಿಗೆ ಸೆರೆಸಿಕ್ಕಿದನು. ಮರುದಿನ ಬಾಗ್ದಾದಿನಲ್ಲಿ ಆಡಳಿತಾಧಿಕಾರಿ ಪಾಲ್ ಬ್ರೆಮರ್ ಅದನ್ನು ಸಾರಿದರು. ಕೆದರಿದ ಗಡ್ಡದ ಆ ಮುದುಕನ ಬಾಯನ್ನು ದೀಪ ಹಿಡಿದು ಪರೀಕ್ಷಿಸುವ ಚಿತ್ರವು ಲೋಕದ ದೂರದರ್ಶನಗಳಲ್ಲೆಲ್ಲ ಮತ್ತೆ ಮತ್ತೆ ತೋರಿತು. ಅದೇ 14ರ ಬೆಳಗ್ಗೆ ಖಾಲ್ದಿಯಾ ಊರಿನ ಪೊಲೀಸು ಠಾಣೆಯ ಬಳಿ ಕಾರುಬಾಂಬು ಸಿಡಿದು ಸುಮಾರು 17 ಮಂದಿ ಮಡಿದಿದ್ದರು. ಆ ಸುದ್ದಿಯು ಬಾರದೆ ಹೋಗಲಿಲ್ಲ. ಬಂದೂ ಕಾಣದೆ ಹೋಯಿತು.

ಸದ್ದಾಮನು ಮರುಕಕ್ಕೆ ಪಾತ್ರನೆಂದು ನಮ್ಮ ವಾದವಲ್ಲ. 1988ರಲ್ಲಿ ಹಲಬ್ಜಾದ ಮೇಲೆ ಅವನ ಸೇನೆಯು ವಿಷವಾಯುವನ್ನು ಪ್ರಯೋಗಿಸಿ ಸಾವಿರಾರು ಕುರ್ದರನ್ನು ಕೊಂದುದನ್ನು ಮರೆಯುವಂತಿಲ್ಲ. ಅವನ ಸೆರೆ ದೊಡ್ಡ ಸುದ್ದಿಯೇ ಸರಿ. ಅದನ್ನು ಕಥೆಯ ಮಂಗಳವೆಂಬಂತೆ ಬರೆದುದಕ್ಕೆ ನಮ್ಮ ಆಕ್ಷೇಪ.

ಭಾರತಕಥೆಯನ್ನು ನೆನೆಯೋಣ. ಕೊಳದಲ್ಲಿ ಅಡಗಿದ್ದ ದುರ್ಯೋಧನನು ಹೊರಬಂದು, ತೊಡೆ ಮುರಿದು ಬಿದ್ದಲ್ಲಿಗೆ ವ್ಯಾಸರು ಗ್ರಂಥವನ್ನು ಮುಗಿಸಲಿಲ್ಲ. ಆ ಇರುಳಿನ ಕೊಲೆಗಳಿಗೆ ಸೌಪ್ತಿಕಪರ್ವವಿದೆ. ಹೆಣಗಳ ನಡುವೆ ಗೋಳಿಡುವವರಿಗೆ ಸ್ತ್ರೀಪರ್ವವಿದೆ. ಇರಾಕಿಗೂ ಅಂಥ ಪರ್ವಗಳು ಕಾದಿದ್ದುವು: 2004ರಲ್ಲಿ ಫಲ್ಲೂಜಾದ ಕಾಳಗಗಳು, ಅದೇ ವರ್ಷ ಏಪ್ರಿಲಿನಲ್ಲಿ ಬಯಲಾದ ಅಬು ಘ್ರೈಬ್ ಸೆರೆಮನೆಯ ಚಿತ್ರಗಳು, 2006ರ ಫೆಬ್ರವರಿಯಲ್ಲಿ ಸಮಾರಾದ ಹೊನ್ನಗುಮ್ಮಟ ಒಡೆದ ಬಳಿಕ ಸುನ್ನಿ-ಶಿಯಾಗಳ ನಡುವಿನ ಹತ್ಯೆಗಳು. ವರದಿಗಾರರಲ್ಲಿ ಅನೇಕರು ಪ್ರಾಣದ ಹಂಗು ತೊರೆದು ಇವನ್ನೆಲ್ಲ ಬರೆದರು. ಆದರೆ ಮುಕ್ತಾಯವನ್ನು ಆಗಲೇ ಓದಿ ಮುಗಿಸಿದ್ದ ವಾಚಕನಿಗೆ ಅವು ಅನುಬಂಧಗಳಾಗಿ ತೋರಿದುವು.

ಯುದ್ಧಪೂರ್ವದಲ್ಲಿ ಇರಾಕಿನ ಆಯುಧಗಳ ವಿಚಾರವಾಗಿ ತಾನು ಸಾಕಷ್ಟು ಶೋಧಿಸದೆ ಬರೆದುದನ್ನು ನ್ಯೂಯಾರ್ಕ್ ಟೈಮ್ಸ್ ಪತ್ರಿಕೆಯು 2004ರ ಮೇ 26ರಂದು ಒಪ್ಪಿಕೊಂಡಿತು. ಅದು ಶ್ಲಾಘ್ಯವೇ. ಆದರೆ ಸಂಗತಿಯ ತಪ್ಪಿಗೆ ತಿದ್ದುಪಡಿ ಅಚ್ಚಾದೀತು; ಕಥನದ ತಪ್ಪಿಗೆ ಯಾವ ಪತ್ರಿಕೆಯೂ ಒಪ್ಪೋಲೆ ಹಾಕುವುದಿಲ್ಲ. ಅದನ್ನು ವಾಚಕನೇ ತಿದ್ದಿಕೊಳ್ಳಬೇಕು. ಅರಸನು ಸೆರೆಯಾದ ದಿನದ ಪತ್ರಿಕೆ ಕೈಗೆ ಬಂದಾಗ, ಮೊದಲ ಪುಟದ ಚಿತ್ರವನ್ನು ನೋಡಿಯಾದ ಮೇಲೆ, ಒಳಪುಟದ ಮೂಲೆಯಲ್ಲಿ ಅಂದು ಸತ್ತವರ ಸುದ್ದಿಯನ್ನು ಹುಡುಕಿ ಓದುವುದು ಅವನ ಕರ್ತವ್ಯ.